ರೆಕಾರ್ಡಿನ ಮೇಲೆ ಹೆಸರಿಲ್ಲದ ಗಿಟಾರ್

ನಮ್ಮ ದುಬಲಗುಂಡಿಯವರು ಗಿಟಾರನ್ನು ಕಣ್ಣಿಂದ ನೋಡುವ ಎಷ್ಟೋ ವರ್ಷ ಮೊದಲೇ ಕಿವಿಯಿಂದ ಬಲ್ಲವರಾಗಿದ್ದರು. ಭಜನೆಯ ಹಾರ್ಮೋನಿಯಂ, ತಬಲಾ, ತಾಳ ಮನೆಯವೇ. ಹತ್ತಿರದ ಹುಮನಾಬಾದಿನ ಮಾಣಿಕನಗರದಲ್ಲಿ ದತ್ತ ಜಯಂತಿಗೆ ದೊಡ್ಡ ದೊಡ್ಡ ಹಿಂದೂಸ್ತಾನಿ ಗಾಯಕರು ಬಂದು ಹಾಡುವುದು ಹಳೆಯ ಪದ್ಧತಿ. ಗಿಟಾರ್ ಬಂದದ್ದು ರೇಡಿಯೊದೊಳಗಿಂದ. 1966ರಲ್ಲಿ ಕಲಬುರಗಿ ಆಕಾಶವಾಣಿ ಶುರುವಾದ ಮೇಲೆ ಈ ಕಡೆಯ ಹಳ್ಳಿಗಳಿಗೆ ಕನ್ನಡದ ಚಿತ್ರಗೀತೆ ಹತ್ತಿರವಾಯಿತು. ಹಾಡಿಗೆ ಮೊದಲು ಚಿತ್ರದ ಹೆಸರು, ಬರೆದವರು, ಹಾಡಿದವರು, ಸಂಗೀತ ನಿರ್ದೇಶಕರು ಎಂದು ಹೇಳುತ್ತಿದ್ದರು. ಪಲ್ಲವಿ ಮುಗಿದು ಚರಣ ಶುರುವಾಗುವ ನಡುವೆ ನಾಲ್ಕು ಸಾಲು ಗಿಟಾರ್ ಕೇಳಿಸುತ್ತಿತ್ತು. ‘ಕಾಕಾ, ನಡಕ ಆ ಗಿಟಾರ್ ಯಾರ್ ಬಾರಸ್ಯಾರ?’ ಎಂದು ನಾನು ಓಣಿಯ ಹಾರ್ಮೋನಿಯಂ ಕಾಕಾನನ್ನು ಕೇಳಿದ್ದೆ. ‘ರೇಡಿಯೊದಾಗ ಹೇಳಿಲ್ಲಲ್ಲೋ ತಮ್ಮಾ’ ಎಂದ.

ಮುಂದೆ ನಾನೇ ರಸಮಂಜರಿ ತಂಡದಲ್ಲಿ ಗಿಟಾರ್ ಹಿಡಿದೆ. ಕಲಿತದ್ದು ಟೇಪ್ ರೆಕಾರ್ಡರಿನಿಂದ. ಒಂದು ಬಿಟ್ ಕೇಳುವುದು, ನಿಲ್ಲಿಸುವುದು, ಹಿಂದಕ್ಕೆ ತಿರುಗಿಸುವುದು, ಮತ್ತೆ ಕೇಳುವುದು. ಕರೆಂಟು ಹೋದರೆ ಸೆಲ್ಲು. ಸೆಲ್ಲು ಇಳಿದಂತೆ ಟೇಪು ನಿಧಾನವಾಗಿ ಹಾಡು ಅರ್ಧ ಸ್ವರ ಕೆಳಗೆ ಜಾರುತ್ತಿತ್ತು. ಕಾಕಾನ ಹಾರ್ಮೋನಿಯಂ ಮನೆ ಒತ್ತಿ ನೋಡಿಯೇ ತಂತಿ ಬಿಗಿಯಬೇಕು. ಹೀಗೆ ಒಬ್ಬನ ಬೆರಳಿನ ಓಟ, ಮೀಟಿನ ತೂಕ, ತಂತಿ ಎಳೆಯುವ ಚಟ ಎಲ್ಲ ನನ್ನ ಕೈಗೆ ಬಂದವು. ಅವನ ಹೆಸರು ಮಾತ್ರ ಕ್ಯಾಸೆಟ್ಟಿನ ಹೊದಿಕೆಯ ಮೇಲೂ ಇರಲಿಲ್ಲ.

ಆ ಹಾಡುಗಳೆಲ್ಲ ಹುಟ್ಟಿದ್ದು ಹೆಚ್ಚಾಗಿ ಮದರಾಸಿನಲ್ಲಿ. ಮೈಸೂರಿನಲ್ಲಿ ಪ್ರೀಮಿಯರ್ ಸ್ಟುಡಿಯೊ, ಬೆಂಗಳೂರಿನಲ್ಲಿ ಕಂಠೀರವ ಸ್ಟುಡಿಯೊ ಇದ್ದರೂ ಹಾಡಿನ ಧ್ವನಿಮುದ್ರಣಕ್ಕೆ ಜಿ.ಕೆ. ವೆಂಕಟೇಶ್, ರಾಜನ್–ನಾಗೇಂದ್ರರಂಥ ಸಂಗೀತ ನಿರ್ದೇಶಕರು ಮದರಾಸಿಗೇ ಹೋಗಬೇಕಿತ್ತು. ಒಳ್ಳೆಯ ಯಂತ್ರವೂ ಪಳಗಿದ ವಾದ್ಯಗಾರರೂ ಅಲ್ಲಿದ್ದರು. 1980ರ ದಶಕದಲ್ಲಿ ಶಂಕರ್ ನಾಗ್ ಬೆಂಗಳೂರಿನಲ್ಲಿ ಸಂಕೇತ್ ಸ್ಟುಡಿಯೊ ಕಟ್ಟಿದ್ದರ ಹಿಂದೆ ಈ ಅಲೆದಾಟ ತಪ್ಪಿಸುವ ಹಟವಿತ್ತು.

ಸ್ಟುಡಿಯೊ ಗಿಟಾರಿಸ್ಟನ ಕೆಲಸ ಸುಲಭದ್ದಾಗಿರಲಿಲ್ಲ. ಇಂದಿನಂತೆ ಒಬ್ಬೊಬ್ಬರದು ಬೇರೆ ಬೇರೆ ಟ್ರ್ಯಾಕಿನಲ್ಲಿ ಹಿಡಿದು ಆಮೇಲೆ ಜೋಡಿಸುವ ಅನುಕೂಲ ಆಗ ಇಲ್ಲ. ಗಾಯಕ, ವಯಲಿನ್ ಸಾಲು, ಕೊಳಲು, ತಬಲಾ, ಗಿಟಾರ್ ಎಲ್ಲ ಒಟ್ಟಿಗೇ ನುಡಿಯಬೇಕು. ಕೊನೆಯ ಚರಣದಲ್ಲಿ ಯಾರದೋ ಬೆರಳು ಜಾರಿದರೆ ಎಲ್ಲರೂ ಮೊದಲಿನಿಂದ. ಬೆಳಿಗ್ಗೆ ಮುಂದಿಟ್ಟ ನೊಟೇಷನ್ ಹಾಳೆಯನ್ನು ಓದುತ್ತಲೇ ಬಾರಿಸಬೇಕು. ಒಂದು ಹಾಡಿಗೆ ಬರೀ ರಿದಮ್, ಇನ್ನೊಂದಕ್ಕೆ ಕಾರ್ಡಿನ ಸ್ವರಗಳನ್ನು ಬಿಡಿಸಿ ಮೀಟುವುದು, ಮತ್ತೊಂದಕ್ಕೆ ನಡುವಿನ ಬಿಟ್. ಕಾಲ್‌ಶೀಟಿನ ಲೆಕ್ಕದಲ್ಲಿ ಕೂಲಿ. ಹಾಡು ಮುಂದೆ ಹತ್ತು ವರ್ಷ ಓಡಿದರೂ ವಾದ್ಯಗಾರನ ಪಾಲು ಆ ದಿನಕ್ಕೇ ಮುಗಿಯಿತು.

ಆ ಸಾಲಿನಲ್ಲಿ ಕೂತಿದ್ದವರಲ್ಲಿ ನಮಗೆ ಚೆನ್ನಾಗಿ ಗೊತ್ತಿರುವ ಒಬ್ಬರು ಇಳಯರಾಜ. ಪಣ್ಣೈಪುರದ ಹುಡುಗ, ಅಣ್ಣ ಪಾವಲರ್ ವರದರಾಜನ್ ಅವರ ತಂಡದಲ್ಲಿ ಊರೂರು ಹಾಡಿಕೊಂಡಿದ್ದವರು. 1968ರ ಹೊತ್ತಿಗೆ ಮದರಾಸಿಗೆ ಬಂದು ಧನರಾಜ್ ಮಾಸ್ತರರ ಬಳಿ ಪಾಶ್ಚಾತ್ಯ ಸಂಗೀತ ಕಲಿತರು, ಲಂಡನ್ನಿನ ಟ್ರಿನಿಟಿ ಕಾಲೇಜಿನ ಗಿಟಾರ್ ಪರೀಕ್ಷೆಯಲ್ಲಿ ಚಿನ್ನದ ಪದಕ ಪಡೆದರು. ಸಲೀಲ್ ಚೌಧರಿಯವರಿಗೆ ಗಿಟಾರ್ ಬಾರಿಸಿದರು. ಜಿ.ಕೆ. ವೆಂಕಟೇಶರ ಸಹಾಯಕರಾಗಿ ಸುಮಾರು 200 ಚಿತ್ರಗಳಿಗೆ ದುಡಿದರೆಂಬ ಲೆಕ್ಕವಿದೆ. ಅವುಗಳಲ್ಲಿ ಬಹುಪಾಲು ಕನ್ನಡದವು. ನನಗೆ ಇದು ಅಭಿಮಾನದ ಮಾತು. ಒಬ್ಬ ಮಹಾ ಸಂಗೀತಗಾರನ ಕೈ ಪಳಗಿದ್ದು ನಮ್ಮ ಹಾಡುಗಳ ಮೇಲೆ. 1976ರ ‘ಅನ್ನಕ್ಕಿಳಿ’ಯಿಂದ ಅವರು ತಮಿಳಿನಲ್ಲಿ ಸಂಗೀತ ನಿರ್ದೇಶಕರಾದರು, 1978ರ ‘ಮಾತು ತಪ್ಪದ ಮಗ’ದಿಂದ ಕನ್ನಡದಲ್ಲಿ. ‘ಗೀತಾ’, ‘ಪಲ್ಲವಿ ಅನುಪಲ್ಲವಿ’ ಆಮೇಲಿನವು. ಆಗ ಅವರ ವಾದ್ಯವೃಂದದಲ್ಲಿ ಗಿಟಾರ್ ಹಿಡಿದವರು ಸದಾನಂದಂ, ಬೇಸ್ ಗಿಟಾರ್ ಶಶಿಧರನ್. ಈ ಎರಡು ಹೆಸರನ್ನು ನಮ್ಮ ಕಡೆ ಎಷ್ಟು ಮಂದಿ ಕೇಳಿದ್ದಾರೆ?

ಇಳಯರಾಜರ ಗಿಟಾರಿನ ಕತೆ ನಮಗೆ ಸಿಕ್ಕಿದ್ದು ಅವರು ನಿರ್ದೇಶಕರಾದ್ದರಿಂದ. ಹಾಗೆಯೇ ಇಂಗ್ಲೆಂಡಿನ ಜಿಮ್ಮಿ ಪೇಜ್ ಲಂಡನ್ನಿನ ಸ್ಟುಡಿಯೊಗಳಲ್ಲಿ ಕೂಲಿಗೆ ಬಾರಿಸಿದ್ದನ್ನು ಜನ ಹುಡುಕಿ ತೆಗೆದದ್ದು 1968ರಲ್ಲಿ ಅವರು ಲೆಡ್ ಝೆಪೆಲಿನ್ ತಂಡ ಕಟ್ಟಿದ್ದಕ್ಕೆ. ಭೂಪಿಂದರ್ ಸಿಂಗ್ ಗಾಯಕರಾಗಿ ಹೆಸರಾಗದಿದ್ದರೆ 1971ರ ‘ದಮ್ ಮಾರೋ ದಮ್’ನ ಗಿಟಾರ್ ಅವರದೆಂದು ಇಷ್ಟು ಜನಕ್ಕೆ ತಿಳಿಯುತ್ತಿತ್ತೇ? ಕೊನೆಯವರೆಗೂ ಗಿಟಾರನ್ನೇ ಹಿಡಿದು ಕೂತವರ ಗತಿ ಏನು?

ಇದು ಬರೀ ಗೌರವದ ಪ್ರಶ್ನೆಯಲ್ಲ, ಹೊಟ್ಟೆಯ ಪ್ರಶ್ನೆಯೂ ಹೌದು. ಹಾಡುವವರಿಗೆ, ಬಾರಿಸುವವರಿಗೆ ಪ್ರದರ್ಶಕರೆಂಬ ಹಕ್ಕು ನಮ್ಮ ಕೃತಿಸ್ವಾಮ್ಯ ಕಾಯ್ದೆಯಲ್ಲಿ 1994ರ ತಿದ್ದುಪಡಿಯಿಂದ ಬಂತು. 2012ರ ತಿದ್ದುಪಡಿ ಅದನ್ನು ಬಲಪಡಿಸಿತು, ಜೊತೆಗೇ ಒಂದು ಷರತ್ತು ಇಟ್ಟಿತು: ಸಿನಿಮಾದಲ್ಲಿ ಯಾರ ಕೆಲಸ ಪ್ರಾಸಂಗಿಕವೋ, ಉದ್ಯಮದ ರೂಢಿಯಂತೆ ಯಾರ ಹೆಸರನ್ನು ಎಲ್ಲೂ ಹಾಕುವುದಿಲ್ಲವೋ, ಅವರನ್ನು ಪ್ರದರ್ಶಕರೆಂದು ಎಣಿಸುವಂತಿಲ್ಲ, ತಮ್ಮ ಕೆಲಸವನ್ನು ತಿರುಚಿ ಮಾನಹಾನಿ ಮಾಡಿದರೆ ಕೇಳುವ ಹಕ್ಕಷ್ಟೇ ಅವರಿಗೆ ಉಳಿಯುತ್ತದೆ. ಹಾಡಿನ ನಡುವಿನ ಗಿಟಾರನ್ನು ಪ್ರಾಸಂಗಿಕ ಎನ್ನುವವರು ಅದನ್ನು ತೆಗೆದು ಹಾಡು ಕೇಳಿ ನೋಡಲಿ. ಹೆಸರು ಹಾಕದಿರುವ ಹಳೆಯ ರೂಢಿಯೇ ಹಕ್ಕು ತಪ್ಪಿಸುವ ನೆವವಾಗಬಾರದು.

ಮುಂಬೈಯ ಸಿನಿಮಾ ವಾದ್ಯಗಾರರನ್ನು ಮಾತಾಡಿಸಿ ಗ್ರೆಗರಿ ಬೂತ್ 2008ರಲ್ಲಿ ದೊಡ್ಡ ಪುಸ್ತಕವನ್ನೇ ತಂದರು. ಕನ್ನಡದ ಹಾಡುಗಳಿಗೂ ಅಂಥ ಕೆಲಸ ಆಗಲೇಬೇಕು. ಚೆನ್ನೈಯಲ್ಲಿ, ಬೆಂಗಳೂರಿನಲ್ಲಿ ಬದುಕಿರುವ ಹಿರಿಯ ವಾದ್ಯಗಾರರ ಮನೆಗೆ ಹೋಗಿ, ಹಾಡು ಹಚ್ಚಿ, ಒಂದೊಂದು ಬಿಟ್ಟಿಗೂ ಇದು ಯಾರ ಕೈ ಎಂದು ಕೇಳಿ ಬರೆದುಕೊಳ್ಳಬೇಕು. ಅವರಿಗೆ ವಯಸ್ಸಾಗಿದೆ. ಈ ವರ್ಷವೇ ಶುರುವಾಗಲಿ.