ತ್ಸಾಂಗ್‌ಪೋ ನದಿಯ ತಿರುವು ಮತ್ತು ಕಿಂತುಪನ ನಿಷ್ಠೆ

ಋಷಿಮೂಲ ನದೀಮೂಲಗಳನ್ನು ಕೆದಕಬಾರದೆಂದು ಹಿರಿಯರು ಹೇಳುವುದುಂಟು. ಆದರೆ ಹತ್ತೊಂಬತ್ತನೆಯ ಶತಮಾನದ ಭೂಗೋಳಜ್ಞರಿಗೆ ಮೂಲಕ್ಕಿಂತಲೂ ನಡುಭಾಗವೇ ಒಗಟಾಗಿದ್ದ ನದಿಯೊಂದಿತ್ತು. ಅದೇ ಟಿಬೆಟ್ಟಿನ ತ್ಸಾಂಗ್‌ಪೋ.

ಮಾನಸ ಸರೋವರದ ಆಗ್ನೇಯಕ್ಕಿರುವ ಹಿಮರಾಶಿಗಳಲ್ಲಿ ಜನಿಸುವ ಈ ನದಿಯು ಹಿಮಾಲಯದ ಬೆನ್ನ ಹಿಂದೆ, ಶೀತಲವಾದ ಪ್ರಸ್ಥಭೂಮಿಯ ಮೇಲೆ ಸಾವಿರಕ್ಕೂ ಹೆಚ್ಚು ಕಿಲೋಮೀಟರ್ ಪೂರ್ವಾಭಿಮುಖವಾಗಿ ಹರಿಯುತ್ತದೆ. ಅನಂತರ 7,782 ಮೀಟರ್ ಎತ್ತರದ ನಮ್ಚಾ ಬರ್ವಾ ಮತ್ತು 7,294 ಮೀಟರ್ ಎತ್ತರದ ಗ್ಯಾಲಾ ಪೆರಿ ಶಿಖರಗಳ ನಡುವಿನ ಘೋರ ಕಮರಿಯನ್ನು ಹೊಕ್ಕು, ದಕ್ಷಿಣಕ್ಕೆ ತಿರುಗುತ್ತದೆ. ಕಮರಿಯ ಬಾಯಲ್ಲಿ ನೀರಿನ ಮಟ್ಟ ಸುಮಾರು 3,000 ಮೀಟರ್. ಅರುಣಾಚಲದ ಪಾಸಿಘಾಟ್‌ನಲ್ಲಿ ಕೇವಲ 150 ಮೀಟರ್‌ನ ಆಸುಪಾಸು. ಅಲ್ಲಿ ಸಿಯಾಂಗ್ ಎನಿಸಿಕೊಂಡು, ದಿಬಾಂಗ್ ಮತ್ತು ಲೋಹಿತ ನದಿಗಳನ್ನು ಕೂಡಿ ಬ್ರಹ್ಮಪುತ್ರವಾಗುತ್ತದೆ.

ಅಷ್ಟು ಎತ್ತರದ ನದಿಯು ಅಷ್ಟು ಅಲ್ಪ ದೂರದಲ್ಲಿ ಬಯಲಿಗೆ ಇಳಿಯಬಲ್ಲುದೆ ಎಂಬುದೇ ವಿದ್ವಾಂಸರ ಸಂದೇಹ. ತ್ಸಾಂಗ್‌ಪೋ ಬರ್ಮಾದ ಐರಾವತಿಯ ಮೇಲ್ಭಾಗವೆಂದು ವಾದಿಸಿದವರೂ ಇದ್ದರು. ಟಿಬೆಟ್ ಆಗ ಯುರೋಪಿಯನ್ನರಿಗೆ ಮುಚ್ಚಿದ ನಾಡು. ಆದ್ದರಿಂದ ಭಾರತದ ಸರ್ವೇ ಇಲಾಖೆಯು ಇಲ್ಲಿನವರನ್ನೇ ಯಾತ್ರಿಕರ ವೇಷದಲ್ಲಿ ಕಳುಹಿಸಿತು. 1865-66ರಲ್ಲಿ ನೈನ್ ಸಿಂಗ್ ನೂರು ಮಣಿಗಳ ಜಪಮಾಲೆ ಹಿಡಿದು, ನೂರು ಹೆಜ್ಜೆಗೊಂದು ಮಣಿಯಂತೆ ಎಣಿಸುತ್ತ, ಲ್ಹಾಸಾದವರೆಗಿನ ದಾರಿಯನ್ನೂ ನದಿಯ ಮೇಲ್ಭಾಗವನ್ನೂ ಅಳೆದನು. ಕಮರಿ ಮಾತ್ರ ಅಜ್ಞಾತವಾಗಿಯೇ ಉಳಿಯಿತು.

1880ರಲ್ಲಿ ಅಧಿಕಾರಿ ಹಾರ್ಮನ್, ಸಿಕ್ಕಿಮಿನ ಕಿಂತುಪ್ ಎಂಬವನನ್ನು ಒಬ್ಬ ಲಾಮಾನ ಸೇವಕನ ರೂಪದಲ್ಲಿ ಅಲ್ಲಿಗೆ ಅಟ್ಟಿದನು. ಕಮರಿಯನ್ನು ದಾಟಲಾಗದಿದ್ದರೆ ಗುರುತು ಮಾಡಿದ ಮರದ ತುಂಡುಗಳನ್ನು ನದಿಗೆ ಬಿಡಬೇಕು. ಕೆಳಗೆ ಅಸ್ಸಾಮಿನಲ್ಲಿ ಕಾವಲಿರುವವರು ಅವುಗಳನ್ನು ಕಾಣಬೇಕು. ಇದು ಏರ್ಪಾಡು. ಕಿಂತುಪನಿಗೆ ಓದುಬರಹ ತಿಳಿಯದು.

ಲಾಮಾ ನಂಬಿಕೆದ್ರೋಹಿಯಾದನು. ಕಿಂತುಪನನ್ನು ದಾಸನನ್ನಾಗಿ ಮಾರಿ, ತಾನು ಊರ ದಾರಿ ಹಿಡಿದನು. ಕಿಂತುಪ್ ತಪ್ಪಿಸಿಕೊಂಡನು, ಆದರೆ ಮನೆಯ ಕಡೆಗಲ್ಲ, ನದಿಯ ಕಡೆಗೆ! ಬೆನ್ನಟ್ಟಿ ಬಂದವರಿಗೆ 50 ರೂಪಾಯಿ ತೆತ್ತು ಮಾರ್ಪುಂಗ್ ವಿಹಾರದ ಹಿರಿಯ ಲಾಮಾ ಆತನನ್ನು ಉಳಿಸಿಕೊಂಡನು. ಅಲ್ಲಿ ಸೇವೆ ಮಾಡುತ್ತಲೇ, ತೀರ್ಥಯಾತ್ರೆಯ ನೆಪದಿಂದ ರಜೆ ಪಡೆದು, ಕಿಂತುಪ್ 500 ತುಂಡುಗಳನ್ನು ಕಡಿದು ಗುಹೆಯಲ್ಲಿ ಅಡಗಿಸಿಟ್ಟನು. ಮತ್ತೊಮ್ಮೆ ಲ್ಹಾಸಾಕ್ಕೆ ಹೋಗಿ, ತುಂಡುಗಳನ್ನು ಬಿಡುವ ದಿನಗಳನ್ನು ತಿಳಿಸುವ ಪತ್ರವನ್ನು ಬರೆಸಿ ಕಳುಹಿಸಿದನು. ಹಿಂತಿರುಗಿ ಬಂದು ಮತ್ತೆ ತಿಂಗಳುಗಟ್ಟಲೆ ದುಡಿದು, ಬಿಡುಗಡೆ ಹೊಂದಿ, ದಿನಕ್ಕೆ 50ರಂತೆ ಹತ್ತು ದಿನ ಅವುಗಳನ್ನು ನೀರಿಗೆ ಬಿಟ್ಟನು.

ನೋಡಲು ಯಾರೂ ಇರಲಿಲ್ಲ. ಪತ್ರ ತಲುಪಬೇಕಾದವರನ್ನು ತಲುಪಿರಲಿಲ್ಲ; ಹಾರ್ಮನ್ ಭಾರತ ಬಿಟ್ಟು ಹೋಗಿ ತೀರಿಕೊಂಡಿದ್ದನು. 1884ರಲ್ಲಿ ಮರಳಿದ ಕಿಂತುಪನ ನೆನಪಿನ ಮಾತುಗಳನ್ನು ಬೇರೆಯವರು ಬರೆದುಕೊಂಡರು, ಹಲವರು ನಂಬಲಿಲ್ಲ.

1913ರಲ್ಲಿ ಬೈಲಿ ಮತ್ತು ಮೋರ್ಸ್‌ಹೆಡ್ ಅದೇ ಕಣಿವೆಗಳಲ್ಲಿ ನಡೆದು, ಕಿಂತುಪನ ವರ್ಣನೆ ಬಹುಮಟ್ಟಿಗೆ ಯಥಾರ್ಥವೆಂದು ಕಂಡರು. ಉಪನದಿಯ ಜಲಪಾತವೊಂದು ಮುಖ್ಯನದಿಯದೆಂದು ವರದಿಯಲ್ಲಿ ಸೇರಿಹೋಗಿತ್ತು. ತಾನು ಹಾಗೆ ಹೇಳಿರಲಿಲ್ಲವೆಂದು ಕಿಂತುಪನೇ ಮುಂದೆ ಸ್ಪಷ್ಟಪಡಿಸಿದನು. ದಾರ್ಜಿಲಿಂಗ್‌ನಲ್ಲಿ ಬಟ್ಟೆ ಹೊಲಿದು ಬದುಕುತ್ತಿದ್ದ ಆ ವೃದ್ಧನಿಗೆ ಸರ್ಕಾರವು 1,000 ರೂಪಾಯಿ ಕೊಟ್ಟು ಗೌರವಿಸಿತು. ಸ್ವಲ್ಪ ಕಾಲದಲ್ಲೇ ಆತ ಗತಿಸಿದನು.

2025ರ ಜುಲೈನಲ್ಲಿ ಚೀನಾ ಇದೇ ತಿರುವಿನ ಸೀಮೆಯಲ್ಲಿ ಬೃಹತ್ ಜಲವಿದ್ಯುತ್ ಯೋಜನೆಯ ಕಾಮಗಾರಿಗೆ ಕೈಹಾಕಿತು. ಮೇಲಿನ ನೀರು ಕೆಳಗಿನವರ ಬದುಕು ಎಂಬುದನ್ನು ಇಂದು ಯಾರೂ ಸಂದೇಹಿಸುವುದಿಲ್ಲ. ಒಂದು ಕಾಲಕ್ಕೆ ಅದು ವಿದ್ವಾಂಸರಿಗೂ ಊಹೆಯಾಗಿತ್ತು. ಆ ಊಹೆಯನ್ನು ಪರೀಕ್ಷಿಸಲು ಅಕ್ಷರ ಬಾರದವನೊಬ್ಬನು ಬದುಕಿನ ನಾಲ್ಕು ವರ್ಷಗಳನ್ನು ತೆತ್ತನು. ಕೊಟ್ಟ ಮಾತನ್ನು ಕೇಳುವವರಿಲ್ಲದಾಗಲೂ ನಡೆಸಿದವನ ಹೆಸರನ್ನು, ಆ ನದಿಯ ಹೆಸರಿನೊಡನೆ ನಾವು ನೆನೆಯಬೇಕು.