ಗಡಿಯಲ್ಲಿ ತಡೆದ ಮಾಲು

ಮಾರಾಟ ತೆರಿಗೆ ಬೀಳುವುದು ಮಾರಾಟದ ಮೇಲೆ. ಲಾರಿಯಲ್ಲಿ ಮಾಲು ಹೋಗುತ್ತಿದೆ ಎಂದಮಾತ್ರಕ್ಕೆ ಅದು ಅಲ್ಲೇ ಮಾರಾಟವಾಗಿದೆ ಎಂದು ಹಿಡಿಯಲಾಗದು. ಇದನ್ನು 1970ರಲ್ಲಿ ಸುಪ್ರೀಂ ಕೋರ್ಟ್ ಕೊಯಮತ್ತೂರು ಚೆಕ್‌ಪೋಸ್ಟ್ ಅಧಿಕಾರಿಗೆ ಬಿಡಿಸಿ ಹೇಳಬೇಕಾಯಿತು. ಮದರಾಸಿನ ಮಾರಾಟ ತೆರಿಗೆ ಕಾಯ್ದೆಯ 42ನೇ ಕಲಂ, ಕಾಗದಪತ್ರ ಸರಿಯಿಲ್ಲದ ಮಾಲನ್ನು ಮುಟ್ಟುಗೋಲು ಹಾಕಿಕೊಳ್ಳುವ ಅಧಿಕಾರವನ್ನು ಅವರಿಗೆ ಕೊಟ್ಟಿತ್ತು. ಮಾಲು ರಾಜ್ಯದೊಳಗೆ ಮಾರಾಟವಾಗಿದೆಯೇ ಎಂದು ವಿಚಾರಿಸುವ ಗೋಜೇ ಇರಲಿಲ್ಲ. ಕೆ.ಪಿ. ಅಬ್ದುಲ್ಲಾ ಅಂಡ್ ಬ್ರದರ್ಸ್ ಎಂಬ ವ್ಯಾಪಾರಿಗಳು ಹೂಡಿದ ಆ ಮೊಕದ್ದಮೆಯಲ್ಲಿ ಮುಟ್ಟುಗೋಲಿನ ಅಧಿಕಾರ ರದ್ದಾಯಿತು.

ಹುಬ್ಬಳ್ಳಿಯಲ್ಲಿ ತೆರಿಗೆ ಕೇಸುಗಳನ್ನೇ ನಡೆಸಿಕೊಂಡು ಬಂದ ನಾನು ಈ ತೀರ್ಪನ್ನು ಎಷ್ಟೋ ಅರ್ಜಿಗಳಲ್ಲಿ ಎತ್ತಿ ಬರೆದಿದ್ದೇನೆ. ಆದರೆ ಮುಟ್ಟುಗೋಲು ಹೋದ ಜಾಗಕ್ಕೆ ದಂಡ ಬಂತು, ದಂಡ ಕಟ್ಟುವವರೆಗೆ ಮಾಲು ಬಿಡುವುದಿಲ್ಲ ಎಂಬ ನಿಯಮ ಬಂತು. ರಾಜಸ್ಥಾನದ ಅಂಥ ದಂಡವನ್ನು 2001ರಲ್ಲಿ ಸುಪ್ರೀಂ ಕೋರ್ಟೇ ಎತ್ತಿಹಿಡಿಯಿತು.

ಉತ್ತರ ಪ್ರದೇಶದ್ದು ಇನ್ನೊಂದು ಬಗೆ. ರಾಜ್ಯವನ್ನು ಹಾದುಹೋಗುವ ಲಾರಿ ಒಳಬರುವ ಚೆಕ್‌ಪೋಸ್ಟಿನಲ್ಲಿ ಪಾಸು ಪಡೆದು, ಹೊರಹೋಗುವಲ್ಲಿ ಒಪ್ಪಿಸಬೇಕಿತ್ತು. ಒಪ್ಪಿಸದಿದ್ದರೆ ಮಾಲು ಅಲ್ಲೇ ಮಾರಾಟವಾಯಿತೆಂದು ಕಾಯ್ದೆ ಭಾವಿಸುತ್ತಿತ್ತು. ಸೋಧಿ ಟ್ರಾನ್ಸ್‌ಪೋರ್ಟ್ ಕಂಪನಿಯ ಮೊಕದ್ದಮೆಯಲ್ಲಿ, 1986ರಲ್ಲಿ, ನಮ್ಮ ಮಂಡ್ಯ ಜಿಲ್ಲೆಯ ನ್ಯಾಯಮೂರ್ತಿ ಇ.ಎಸ್. ವೆಂಕಟರಾಮಯ್ಯನವರು ಆ ಕಲಮನ್ನು ಉಳಿಸಿದರು. ಜೊತೆಗೆ, ಇದು ಬರೀ ಊಹೆ, ಸಾಕ್ಷ್ಯ ಕೊಟ್ಟು ಅಲ್ಲಗಳೆಯಲು ಮಾಲೀಕನಿಗೆ ಅವಕಾಶ ಇದ್ದೇ ಇದೆ ಎಂದೂ ಬರೆದರು. ಅದು ನನಗೆ ತುಂಬ ಬೆಲೆಯುಳ್ಳ ಮಾತು. ಪಾಸು ಕಳೆದುಕೊಂಡ ಡ್ರೈವರು ಕಳ್ಳನಾಗಬೇಕಿಲ್ಲ.

ಆದರೆ ಸಾಕ್ಷ್ಯ ಕೊಡುವುದಕ್ಕೂ ದಿನಗಳು ಬೇಕು. ನನ್ನ ಕಕ್ಷಿದಾರರೊಬ್ಬರ ಬ್ಯಾಡಗಿ ಮೆಣಸಿನಕಾಯಿ ಲಾರಿಯನ್ನು ಬೇರೆ ರಾಜ್ಯದ ಗಡಿಯಲ್ಲಿ ನಿಲ್ಲಿಸಿದ್ದರು. ಬಿಲ್ಲಿನಲ್ಲಿ ಒಂದು ನಂಬರು, ಲಾರಿ ಆಫೀಸಿನ ಬಿಲ್ಟಿಯಲ್ಲಿ ಇನ್ನೊಂದು. ಗುಮಾಸ್ತ ಒಂದು ಅಂಕಿ ತಪ್ಪಿ ಬರೆದಿದ್ದ. ಮಳೆಗಾಲ, ತಾಡಪತ್ರಿಯ ಸಂದಿನಿಂದ ನೀರು ಇಳಿದು ಅಂಚಿನ ಚೀಲಗಳು ಕಪ್ಪಾಗತೊಡಗಿದ್ದವು. ಹೈಕೋರ್ಟಿಗೆ ಹೋಗೋಣ, ಗೆಲ್ಲುತ್ತೇವೆ ಎಂದೆ. ಫೋನಿನಲ್ಲಿ ಅವರ ಉತ್ತರ: "ವಕೀಲ್ರ, ಗೆಲ್ಲೂದು ಆಮ್ಯಾಲ ನೋಡೂಣು. ಕಾಯಿ ಕೆಡಾಕ್ಹತ್ಯಾವ, ದಂಡ ತುಂಬಿ ಗಾಡಿ ಬಿಡಸ್ರಿ." ತುಂಬಿದೆವು. ಮೇಲ್ಮನವಿಯಲ್ಲಿ ದಂಡ ವಾಪಸು ಬಂತು. ಕೆಟ್ಟ ಕಾಯಿಗೆ, ಏರಿದ ಲಾರಿ ಬಾಡಿಗೆಗೆ ಯಾರೂ ಲೆಕ್ಕ ಕೊಡಲಿಲ್ಲ. ಇಂಥ ಕೇಸುಗಳಲ್ಲಿ ಹೆಚ್ಚಿನವು ಕೋರ್ಟಿನ ಮೆಟ್ಟಿಲನ್ನೇ ಹತ್ತಲಿಲ್ಲ.

ಜಿಎಸ್‌ಟಿ ಬಂದ ಮೇಲೆ ಚೆಕ್‌ಪೋಸ್ಟ್ ಹೋಯಿತು. ಮಾಲು ಸಾಗಿಸಲು ಇಂತಿಷ್ಟು ಅವಧಿಗೆ ಪಡೆಯುವ ಇ-ವೇ ಬಿಲ್ಲೂ, ದಾರಿಯಲ್ಲಿ ಮಾಲು ತಡೆದು ದಂಡ ಹಾಕುವ ಜಿಎಸ್‌ಟಿ ಕಾಯ್ದೆಯ 129ನೇ ಕಲಮೂ ಬಂದವು. 2020ರ ಜನವರಿ 4ರ ಶನಿವಾರ ತೆಲಂಗಾಣದಲ್ಲಿ ಕಾಗದ ಹೊತ್ತ ಆಟೊ ಟ್ರಾಲಿಯೊಂದು ಪ್ರತಿಭಟನಾ ಮೆರವಣಿಗೆಗೆ ಸಿಕ್ಕಿ ನಿಂತಿತು. ಮರುದಿನ ಭಾನುವಾರ. ಸೋಮವಾರ ಮಾಲು ಮುಟ್ಟಿಸಲು ಹೊರಟಾಗ ಹಿಡಿದರು; ಬಿಲ್ಲಿನ ಅವಧಿ ಹಿಂದಿನ ರಾತ್ರಿಯೇ ಮುಗಿದಿತ್ತು. ಅಧಿಕಾರಿ ಆ ಕಾಗದವನ್ನು ತನ್ನ ಬಂಧುವೊಬ್ಬರ ಮನೆಯಲ್ಲಿ 16 ದಿನ ಇಡಿಸಿದ್ದನ್ನು ಹೈಕೋರ್ಟ್ ದಾಖಲಿಸಿದೆ. ಕಾಗದದ ಕಂಪನಿ 69,000 ರೂಪಾಯಿ ಕಟ್ಟಿ ಬಿಡಿಸಿಕೊಂಡು ರಿಟ್ ಹಾಕಿತು. ಅವಧಿ ಮುಗಿದದ್ದಕ್ಕೇ ತೆರಿಗೆ ತಪ್ಪಿಸಿದರೆಂದು ಹೇಳಲಾಗದು ಎಂದ ಹೈಕೋರ್ಟ್, ಹಣ ಹಿಂದಿರುಗಿಸಿ 10,000 ರೂಪಾಯಿ ಖರ್ಚು ಕೊಡಿ ಎಂದಿತು. ಇಲಾಖೆ ದೆಹಲಿಗೆ ಹೋಯಿತು. 2022ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಆ ಖರ್ಚಿಗೆ ಇನ್ನೂ 59,000 ಸೇರಿಸಿತು. ಕಟ್ಟಿಸಿಕೊಂಡಷ್ಟೇ ಮೊತ್ತ! ಓದಿದ ದಿನ ಸಂತೋಷದಿಂದ ಕಚೇರಿಯ ಹುಡುಗರಿಗೆಲ್ಲ ಗಟ್ಟಿಯಾಗಿ ಓದಿ ಹೇಳಿದೆ.

ಅದೇ ತಿಂಗಳಿಂದ 129ನೇ ಕಲಮಿಗೆ ಗಡುವು ಬಂದಿದೆ: ನೋಟಿಸಿಗೆ 7 ದಿನ, ಆದೇಶಕ್ಕೆ ಮತ್ತೆ 7 ದಿನ. ಕಾಗದದ ರೀಮಿಗೆ ಅದು ಸಾಕಾಗಬಹುದು, ಜುಲೈ ತಿಂಗಳ ಮೆಣಸಿನಕಾಯಿಗೆ ಬಹಳವಾಯಿತು. ಕೆಡುವ ಮಾಲಿಗೆ 2 ದಿನದ ಗಡುವು ಬೇಕೆಂಬುದು ನನ್ನ ಬೇಡಿಕೆ.