ಹಕ್ಕಾ ನೂಡಲ್ಸು ಯಾರ ಹಕ್ಕು?



ಕೋಟೇಶ್ವರದ ಕೊಡಿ ಹಬ್ಬಕ್ಕೆ ಹೋದವರಿಗೆಲ್ಲ ಗೊತ್ತು. ಕಬ್ಬಿನ ಜಲ್ಲೆ ಮಾರುವವರ ಪಕ್ಕದಲ್ಲೇ ಈಗ ನಾಲ್ಕಾರು ಗಾಡಿಗಳು ನಿಲ್ಲುತ್ತವೆ. ದೊಡ್ಡ ಬಾಣಲೆ, ಭುಗಿಲೆದ್ದ ಬೆಂಕಿ, ಕೆಂಪು ಸಾಸು, ಹುಡುಗರ ನೂಕುನುಗ್ಗಲು. ಗಾಡಿ ಮೇಲೆ ಬಣ್ಣದಲ್ಲಿ ಬರೆದಿರುತ್ತೆ: 'ಹಕ್ಕಾ ನೂಡಲ್ಸ್'. ರಾತ್ರಿ ಶಾಲೆಯಲ್ಲಿ ಅಕ್ಷರ ಕಲಿತ ನಮ್ಮಮ್ಮ ಆ ಬೋರ್ಡನ್ನು ಒಂದೊಂದೇ ಅಕ್ಷರ ಕೂಡಿಸಿ ಓದಿ ಕೇಳಿದಳು: "ಹಕ್ಕಾ? ಯಾರ್ ಹಕ್ಕ್ ಮಗಾ ಅದ್?"

ನಾವು ನಕ್ಕುಬಿಟ್ಟೆವು. ಮನೆಯಲ್ಲಿ ಮೊದಲು ಡಿಗ್ರಿ ಮಾಡಿದವರು ನಾವು. ಅದೂ ಚರಿತ್ರೆ ಓದಿ. ಆದರೂ ಹಕ್ಕಾ ಅಂದರೆ ಏನೆಂದು ನಮಗೆ ಗೊತ್ತಿರಲಿಲ್ಲ. ಗೊತ್ತಿಲ್ಲದ್ದನ್ನು ಮುಚ್ಚಿಡಲು ನಕ್ಕದ್ದು. ಅಮ್ಮನಿಗೆ ಕೊಡಬೇಕಿದ್ದ ಉತ್ತರವನ್ನು ತಡವಾಗಿ ಇಲ್ಲಿ ಬರೆಯುತ್ತಿದ್ದೇವೆ.

*

ನಮ್ಮ ಮನೆ ಇರುವುದು ಕುಂಭಾಶಿಯಲ್ಲಿ, ಹೆದ್ದಾರಿಯಿಂದ ಕಡಲಿನ ಕಡೆಗೆ. ಎದುರಿಗೆ ಗುಡ್ಡದ ಮೇಲೆ ಆನೆಗುಡ್ಡೆಯ ಗಣಪತಿ. ತಮ್ಮ ಬೆಂಗಳೂರಿನಲ್ಲಿ ಒಂದು ಚೈನೀಸ್ ಹೋಟೆಲಿಗೆ ಪಾತ್ರೆ ತೊಳೆಯಲು ಸೇರಿದವನು ಈಗ ಬಾಣಲೆ ಹಿಡಿಯುವಷ್ಟಾಗಿದ್ದಾನೆ. ಆಸಾಡಿ ಅಮಾಸಿಗೆ ಊರಿಗೆ ಬಂದವನು, "ಇವತ್ತ್ ಅಡಿಗಿ ನಂದ್" ಅಂದ. ಮಾಡಿದ್ದು ಗಾಡಿಯ ಕೆಂಪು ನೂಡಲ್ಸಲ್ಲ. ಅವನಿಗೆ ಕೆಲಸ ಕಲಿಸಿದ ಹಿರಿಯ ಅಡುಗೆಯವರೊಬ್ಬರು ಕಲ್ಕತ್ತೆಯ ತಾಂಗ್ರಾದಲ್ಲಿ ಹುಟ್ಟಿದ ಚೀನೀ ಮೂಲದವರು. ಅವರು ಹೇಳಿಕೊಟ್ಟ ಸಿಚುವಾನ್ ಪ್ರಾಂತದ ಊಟ ಅದು. ಹೆಸರು ದಾನ್‌ದಾನ್ ಮಿಯೆನ್.

ಮಾಡುವುದು ಕಷ್ಟವಲ್ಲ. ಅಲ್ಲಿ ಹಂದಿ ಮಾಂಸ, ನಮ್ಮಲ್ಲಿ ಕೋಳಿ. ಮಾಂಸವನ್ನು ಸಣ್ಣಗೆ ಕೊಚ್ಚಿ, ಶುಂಠಿ ಬೆಳ್ಳುಳ್ಳಿ ಹಾಕಿ, ನೀರು ಆರಿ ತುದಿ ಕೆಂಪಾಗುವ ತನಕ ಹುರಿಯಬೇಕು. ಆಮೇಲೆ ಒಂದೆರಡು ಚಮಚ ಸೋಯಾ ಸಾಸು. ಬ್ಯಾಡಗಿ ಮೆಣಸು ಬಣ್ಣಕ್ಕೆ, ಗಿಡ್ಡ ಮೆಣಸು ಖಾರಕ್ಕೆ. ಎರಡನ್ನೂ ಹುರಿದು ತರಿತರಿಯಾಗಿ ಕುಟ್ಟಬೇಕು. ಎಣ್ಣೆ ಕಾಯಿಸಿ, ಒಲೆಯಿಂದ ಇಳಿಸಿ, ಸ್ವಲ್ಪ ಆರಿದ ಮೇಲೆ ಪುಡಿಗೆ ಸುರಿಯಬೇಕು. ಕುದಿಯೋ ಎಣ್ಣೆ ಸುರಿದರೆ ಮೆಣಸು ಕರಟಿ ಕಹಿಯಾಗುತ್ತೆ. ಉಪ್ಪಿನಲ್ಲಿ ಹಾಕಿದ ಸಾಸಿವೆ ಸೊಪ್ಪು ಅಲ್ಲಿಯ ಕ್ರಮ. ನಾವು ಹಾಕಿದ್ದು ಉಪ್ಪುನೀರಿನಲ್ಲಿಟ್ಟ ಕಳಲೆ. ತಟ್ಟೆಯ ತಳದಲ್ಲಿ ಮೆಣಸಿನೆಣ್ಣೆ, ಅದರ ಮೇಲೆ ಬೇಯಿಸಿ ಬಸಿದ ಬಿಸಿ ನೂಡಲ್ಸು, ಮೇಲೆ ಮಾಂಸ, ಕುಟ್ಟಿದ ನೆಲಗಡಲೆ. ಕಲಸಿ ತಿನ್ನುವುದು.

ಇನ್ನೊಂದು ಸಾಮಾನಿದೆ, ನಾಲಗೆ ಜುಮ್ಮೆನ್ನಿಸುವ ಸಿಚುವಾನ್ ಮೆಣಸು. ತಮ್ಮ ಅದನ್ನು ತಂದಿರಲಿಲ್ಲ. ಅಮ್ಮ ಡಬ್ಬದಿಂದ ತೆಗೆದು ಕೊಟ್ಟಳು: ಜುಮ್ಮನಕಾಯಿ. ಕೊಂಕಣಿಯವರು ತೆಪ್ಪಲ ಅನ್ನುತ್ತಾರೆ, ಬಂಗುಡೆ ಸಾರಿಗೆ ಹಾಕುತ್ತಾರೆ. ಮೈತುಂಬ ಮುಳ್ಳಿರುವ ನಮ್ಮ ಕಾಡಿನ ಮರ. ಸಸ್ಯಶಾಸ್ತ್ರದ ಲೆಕ್ಕದಲ್ಲಿ ಸಿಚುವಾನ್ ಮೆಣಸು ಮತ್ತು ಜುಮ್ಮನಕಾಯಿ ಒಂದೇ ಕುಲದ ಗಿಡಗಳು. ಎರಡರಲ್ಲೂ ಒಳಗಿನ ಕರಿ ಬೀಜ ಬಿಸಾಕಿ ಸಿಪ್ಪೆ ಮಾತ್ರ ಬಳಸುತ್ತಾರೆ. ಚೀನಾದ ಅಜ್ಜಿಗೂ ಕುಂಭಾಶಿಯ ಅಜ್ಜಿಗೂ ಈ ಬುದ್ಧಿಯನ್ನು ಯಾವ ವಿಶ್ವವಿದ್ಯಾಲಯವೂ ಹೇಳಿಕೊಟ್ಟಿಲ್ಲ.

ಒಂದು ತುತ್ತು ತಿಂದು ಅಮ್ಮ ಹೇಳಿದಳು: "ಇದ್ ನಮ್ ಶ್ಯಾವಿಗಿ ಕೋಳಿ ಸಾರೇ ಅಲ್ದಾ? ಎಂತ ಚೀನಾ?"

*

ಅಮ್ಮನ ಮಾತು ತಮಾಷೆಯಲ್ಲ. ಅಕ್ಕಿ ನೆನೆಸಿ, ಅರೆದು, ಮುದ್ದೆ ಮಾಡಿ ಬೇಯಿಸಿ, ಬಿಸಿ ಇರುವಾಗಲೇ ಒತ್ತುಮಣೆಗೆ ತುಂಬಿ, ಒಬ್ಬರು ಭಾರ ಹಾಕಿ ಒತ್ತಿ, ಇನ್ನೊಬ್ಬರು ಬಾಳೆಲೆಯಲ್ಲಿ ಹಿಡಿಯುವ ಶ್ಯಾವಿಗೆ ನಮ್ಮ ಕಡೆಯ ಹಬ್ಬದೂಟ. ಸಿಹಿ ಬೇಕಾದವರಿಗೆ ಕಾಯಿಹಾಲು, ಖಾರ ಬೇಕಾದವರಿಗೆ ಕೋಳಿ ಸಾರು. ತೋಳಿನ ಬಲ ಇಲ್ಲದೆ ಶ್ಯಾವಿಗೆ ಇಳಿಯುವುದಿಲ್ಲ.

ಚೀನಾದ ಕಿಂಗ್ಹಾಯ್ ಪ್ರಾಂತದ ಲಾಜಿಯಾ ಎಂಬಲ್ಲಿ ಅಗೆದಾಗ ಮಗುಚಿಬಿದ್ದ ಮಣ್ಣಿನ ಬಟ್ಟಲೊಂದು ಸಿಕ್ಕಿತು. ಅದರಡಿಯಲ್ಲಿ ಸುಮಾರು 4000 ವರ್ಷ ಹಳೆಯ ನೂಡಲ್ಸು. 2005ರಲ್ಲಿ ಈ ಸುದ್ದಿ ಲೋಕಕ್ಕೆ ಗೊತ್ತಾಯ್ತು. ಪರೀಕ್ಷೆ ಮಾಡಿದ ವಿಜ್ಞಾನಿಗಳು ಅದು ಗೋಧಿಯದ್ದಲ್ಲ, ನವಣೆ ಮತ್ತು ಬರಗಿನದ್ದು ಅಂದರು. ನವಣೆ, ಬರಗು! ನಮ್ಮ ಬಯಲುಸೀಮೆಯ ಬಡವರ ಕಾಳು. ಊಟದ ನಡುವೆಯೇ ಭೂಕಂಪ, ಪ್ರವಾಹ ಬಂದು ಆ ಊರು ಮುಳುಗಿತ್ತು. ಅಲ್ಲಿ ಅರಮನೆಯ ಚಿನ್ನದ ಹರಿವಾಣ ಕಥೆ ಹೇಳಲಿಲ್ಲ, ಮಗುಚಿದ ಮಣ್ಣಿನ ಬಟ್ಟಲು ಹೇಳಿತು.

*

ಇನ್ನು ಖಾರದ ಕಥೆ. ನಮ್ಮ ಕಡೆ ಈಗಲೂ ಕಾಳುಮೆಣಸಿಗೆ 'ಒಳ್ಳೆ ಮೆಣಸು' ಅಂತಾರೆ. ಹಾಗಾದರೆ ಮೆಣಸಿನಕಾಯಿ ಎಂಥ ಮೆಣಸು? ಒಳ್ಳೆ ಮೆಣಸು ಹಡಗು ಹತ್ತುವ ಮಾಲು. 16ನೇ ಶತಮಾನದಲ್ಲಿ ಗೇರುಸೊಪ್ಪೆಯ ಚೆನ್ನಭೈರಾದೇವಿಯನ್ನು ಪೋರ್ಚುಗೀಸರು 'ಮೆಣಸಿನ ರಾಣಿ' ಅಂದದ್ದು ಈ ಕಾಳಿನಿಂದ. ಮೆಣಸಿನಕಾಯಿ ಅಮೆರಿಕದ ಬೆಳೆ. 1492ಕ್ಕೆ ಮುಂಚೆ ನಮ್ಮ ಯಾವ ರಾಜನೂ ಯಾವ ಪುರೋಹಿತನೂ ಅದನ್ನು ಕಂಡವನಲ್ಲ. 1498ರಲ್ಲಿ ವಾಸ್ಕೋ ಡ ಗಾಮ ಕಲ್ಲಿಕೋಟೆಗೆ ಬಂದ ಮೇಲೆ, ಪೋರ್ಚುಗೀಸರ ಹಡಗಿನ ಜೊತೆ ಅದು ಪಶ್ಚಿಮ ಕರಾವಳಿಗೆ ಬಂತು. ಒಳ್ಳೆ ಮೆಣಸು ಆಚೆ ಹೋಯ್ತು, ಮೆಣಸಿನಕಾಯಿ ಒಳಗೆ ಬಂತು. ಹಿತ್ತಿಲಲ್ಲಿ ಬೆಳೆಯುವ, ಕಾಸಿಲ್ಲದೆ ಸಿಗುವ ಖಾರ ಬಡವರ ಪಾಲಿಗೆ ದಕ್ಕಿತು.

ನಮ್ಮ ಮನೆಯಿಂದ ಬಸ್ಸು ಹತ್ತಿದರೆ ಗಂಟೆಯೊಳಗೆ ಬಸರೂರು. ಆ ಕಾಲದ ದೊಡ್ಡ ಬಂದರು, ಅಕ್ಕಿಗೆ ಹೆಸರುವಾಸಿ. 1569ರಲ್ಲಿ ಪೋರ್ಚುಗೀಸರು ಅಲ್ಲಿಯ ಕೋಟೆ ಹಿಡಿದರು. 1665ರಲ್ಲಿ ಶಿವಾಜಿ ಕಡಲ ದಾರಿಯಲ್ಲಿ ಬಂದು ಲೂಟಿ ಮಾಡಿದ. ಚರಿತ್ರೆ ಪುಸ್ತಕ ಇಷ್ಟು ಹೇಳಿ ಬಾಯಿ ಮುಚ್ಚುತ್ತದೆ. ಕೆಸರಲ್ಲಿ ನಿಂತು ಆ ಅಕ್ಕಿ ಬೆಳೆದವರು ಯಾರು? ಮೂಟೆ ಹೊತ್ತವರು ಯಾರು? ಅವರು ರಾತ್ರಿ ಉಂಡದ್ದೇನು? ಪರೀಕ್ಷೆಯಲ್ಲಿ ಈ ಪ್ರಶ್ನೆ ಬರುವುದಿಲ್ಲ. ನಾವು ಹೇಳಬಲ್ಲೆವು: ನಮ್ಮ ಅಜ್ಜ ಅಜ್ಜಿಯರ ಕಾಲದವರೆಗೂ ಅಕ್ಕಿ ಬೆಳೆದ ಮನೆಯಲ್ಲಿ ಗಂಜಿ, ಅದಕ್ಕೆ ನಂಚಿಕೊಳ್ಳಲು ಸುಟ್ಟ ಮೆಣಸು.

ಚೀನಾದಲ್ಲೂ ಇದೇ ಹಾಡು. ಅಲ್ಲಿಯ ಪುಸ್ತಕದಲ್ಲಿ ಮೆಣಸಿನಕಾಯಿ ಮೊದಲು ಕಾಣುವುದು 1591ರಲ್ಲಿ. ಗಾವೊ ಲಿಯಾನ್ ಎಂಬ ವಿದ್ವಾಂಸ ಅದನ್ನು 'ಪರದೇಶಿ ಮೆಣಸು' ಅಂದ. ಅವನಿಗೆ ಅದು ನೋಡಲು ಚೆಂದದ ಗಿಡ, ಅಷ್ಟೇ. ತಿನ್ನಲು ಕಲಿತವರು ಬೇರೆ. ಗುಯಿಜೋ ಎಂಬ ಬೆಟ್ಟದ ಪ್ರಾಂತದಲ್ಲಿ ಉಪ್ಪು ದುಬಾರಿ. ಅಲ್ಲಿಯ ಜನ ಉಪ್ಪಿನ ಬದಲು ಮೆಣಸಿನಕಾಯಿ ತಿನ್ನುತ್ತಾರೆ ಎಂದು 18ನೇ ಶತಮಾನದ ಆರಂಭದ ದಾಖಲೆ ಹೇಳುತ್ತದೆ. ಅದರ ಪಕ್ಕದ ಪ್ರಾಂತವೇ ಸಿಚುವಾನ್. ಇವತ್ತು ನಕ್ಷತ್ರದ ಹೋಟೆಲುಗಳು ಮಾರುವ ಸಿಚುವಾನ್ ಖಾರದ ಬೇರು ಉಪ್ಪಿಗೂ ಗತಿಯಿಲ್ಲದವರ ಹಸಿವಿನಲ್ಲಿದೆ. 'ದಾನ್' ಅಂದರೆ ಹೆಗಲ ಮೇಲಿನ ಕಾವಡಿ. ಒಂದು ತುದಿಗೆ ಒಲೆ ಮತ್ತು ಪಾತ್ರೆ, ಇನ್ನೊಂದು ತುದಿಗೆ ನೂಡಲ್ಸು, ಮಸಾಲೆ, ಬಟ್ಟಲು ಹೊತ್ತು ಬೀದಿ ಬೀದಿ ಕೂಗಿದವರ ಊಟವಾದ್ದರಿಂದ ಅದು ದಾನ್‌ದಾನ್. ಊಟಕ್ಕೆ ಹೊತ್ತವನ ಹೆಗಲ ಹೆಸರು!

*

ಈಗ ಅಮ್ಮನ ಪ್ರಶ್ನೆಗೆ ಬರೋಣ. ಯಾರು ಈ ಹಕ್ಕಾ?

ಹಕ್ಕಾ ಅನ್ನುವುದು ದಕ್ಷಿಣ ಚೀನಾದ ಒಂದು ಜನಸಮುದಾಯ. ಆ ಮಾತಿನ ಅರ್ಥ 'ಅತಿಥಿ ಮನೆತನ'. ಕೇಳಲು ಮರ್ಯಾದೆಯ ಮಾತು. ನಿಜವಾದ ಅರ್ಥ: ನೀವು ಈ ಊರಿನವರಲ್ಲ. ಉತ್ತರದಿಂದ ವಲಸೆ ಬಂದ ಅವರಿಗೆ ಬಹಳ ಕಡೆ ಸಿಕ್ಕಿದ್ದು ಗುಡ್ಡದ ಬರಡು ನೆಲ. 1855ರಿಂದ 1867ರವರೆಗೆ ಗುವಾಂಗ್‌ಡಾಂಗ್‌ನಲ್ಲಿ ಊರವರಿಗೂ ಹಕ್ಕಾಗಳಿಗೂ ನಡೆದ ಕಾಳಗದಲ್ಲಿ ಲಕ್ಷಗಟ್ಟಲೆ ಜನ ಸತ್ತರು. ಊರು ಬೇರೆ, ಕೇರಿ ಬೇರೆ ಅಂದರೆ ಏನೆಂದು ನಮಗೆ ಬಿಡಿಸಿ ಹೇಳಬೇಕಾಗಿಲ್ಲ.

ಚೀನೀಯರು ಕಲ್ಕತ್ತೆಗೆ ಬರಲು ಶುರುವಾದದ್ದು 18ನೇ ಶತಮಾನದ ಕೊನೆಗೆ. ಕ್ಯಾಂಟನ್ ಕಡೆಯವರು ಬಡಗಿಗಳಾದರು. ಹಕ್ಕಾಗಳು ಚಪ್ಪಲಿ ಹೊಲಿದರು. 20ನೇ ಶತಮಾನದ ಮೊದಲ ದಶಕಗಳಲ್ಲಿ ಊರ ಹೊರಗಿನ ತಾಂಗ್ರಾದ ಜೌಗು ನೆಲದಲ್ಲಿ ತೊಗಲು ಹದ ಮಾಡುವ ಕಾರ್ಖಾನೆ ತೆರೆದರು. ಯಾಕೆ ತೊಗಲು? ಜಾತಿ ಹಿಂದೂಗಳು ಅದನ್ನು ಮುಟ್ಟುತ್ತಿರಲಿಲ್ಲ. ಪೈಪೋಟಿ ಇಲ್ಲದ, ಗಬ್ಬುನಾತದ ಕೆಲಸ ಹೊರಗಿನವರಿಗೆ ಸುಲಭವಾಗಿ ಸಿಕ್ಕಿತು. ಬೂಟು ಹಾಕಿಕೊಳ್ಳುವವನಿಗೆ ಮೈಲಿಗೆ ಇಲ್ಲ, ಬೂಟಿನ ತೊಗಲು ತೊಳೆದವನಿಗೆ ಮೈಲಿಗೆ. ಒಂದು ಮಾತನ್ನು ನಾವೂ ಮುಚ್ಚಿಡಬಾರದು. ಆ ಕಾರ್ಖಾನೆಗಳಲ್ಲಿ ಸುಣ್ಣದ ನೀರಿನಲ್ಲಿ ಹಸಿ ತೊಗಲು ಎತ್ತಿದವರಲ್ಲಿ ಬಹಳ ಮಂದಿ ಬಿಹಾರದಿಂದ ಬಂದ ಚಮ್ಮಾರರು. ಮಾಲೀಕ ಹಕ್ಕಾ, ಕೂಲಿ ನಮ್ಮವನು. ಹೊರಗಿಟ್ಟವರ ನಡುವೆಯೂ ಮೇಲೆ ಕೆಳಗೆ ಇತ್ತು.

1962ರ ಯುದ್ಧ ಬಂತು. ಸುಮಾರು 3000 ಮಂದಿ ಚೀನೀ ಮೂಲದವರನ್ನು, ಮಕ್ಕಳು ಮುದುಕರು ಎನ್ನದೆ, ರಾಜಸ್ಥಾನದ ದೇವಲಿ ಶಿಬಿರದಲ್ಲಿ ಕೂಡಿಹಾಕಿದರು. ವಿಚಾರಣೆ ಇಲ್ಲ, ಆರೋಪ ಸಾಬೀತಾಗಿಲ್ಲ. ಮುಖವೇ ಅಪರಾಧ. ಕೆಲವರು ಹೊರಗೆ ಬಂದದ್ದು 1967ರಲ್ಲಿ. ಬಂದಾಗ ಮನೆ ಅಂಗಡಿ ಹೋಗಿದ್ದವು. ಎಷ್ಟೋ ಮಂದಿ ದೇಶ ಬಿಟ್ಟು ಕೆನಡಾಕ್ಕೆ ಹೋದರು. ಉಳಿದವರು ತೊಗಲಿನ ಜೊತೆಗೆ ಬಾಣಲೆಯನ್ನೂ ಹಿಡಿದರು. 1996ರಲ್ಲಿ ಮಾಲಿನ್ಯದ ಕಾರಣಕ್ಕೆ ತೊಗಲು ಕಾರ್ಖಾನೆಗಳನ್ನು ಸ್ಥಳಾಂತರಿಸಬೇಕೆಂದು ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಿತು. ತಾಂಗ್ರಾದಲ್ಲಿ ತೊಗಲು ಒಣಗುತ್ತಿದ್ದ ಎಷ್ಟೋ ಜಾಗಗಳಲ್ಲಿ ಊಟದ ಮೇಜು ಬಂದವು. ಹಸಿಮೆಣಸು, ಬೆಳ್ಳುಳ್ಳಿ, ಸೋಯಾ ಸಾಸು ಕೂಡಿಸಿ ಅವರು ಕಟ್ಟಿದ ರುಚಿಯೇ ದೇಶದ ಬೀದಿ ಬೀದಿಗೆ ಹರಡಿ ನಮ್ಮ ಕೊಡಿ ಹಬ್ಬಕ್ಕೂ ಬಂತು.

ಅಂದರೆ ಆ ಗಾಡಿಯ ಬೋರ್ಡಿನ ಮೇಲಿರುವುದು ತೊಗಲು ಹದ ಮಾಡಿದವರ ಹೆಸರು. ಮಡಿವಂತರ ಮನೆಯ ಮಕ್ಕಳೂ ಕೈ ನೆಕ್ಕಿಕೊಂಡು ತಿನ್ನುತ್ತಾರೆ. ತಿನ್ನಲಿ, ಬಹಳ ಸಂತೋಷ. ನಮ್ಮ ಪ್ರಶ್ನೆ ಒಂದೇ: ಇಂಗ್ಲಿಷು ಮೆನುಕಾರ್ಡಿನಲ್ಲಿ ಬಂದರೆ ಇಲ್ಲದ ಮೈಲಿಗೆ, ಕೇರಿಯ ಮಡಕೆಯಲ್ಲಿ ಬಂದರೆ ಎಲ್ಲಿಂದ ಬರುತ್ತೆ?

*

ಡಿಗ್ರಿ ಓದುವಾಗ ನಾವು ಪೇಟೆಯಲ್ಲಿ ಕೋಣೆ ಹಿಡಿದಿದ್ದೆವು. ಮನೆಯೊಡೆಯರು ಹಾಕಿದ ಷರತ್ತು, ಮಾಂಸ ಬೇಯಿಸಬಾರದು. ಒಂದು ಭಾನುವಾರ ಊರಿಂದ ತಂದ ಕೋಳಿ ಸಾರು ಬಿಸಿ ಮಾಡಿದ್ದಕ್ಕೆ ಕೋಣೆ ಬಿಡಬೇಕಾಯ್ತು. ಅದೇ ಮನೆಯ ಹುಡುಗ ಶನಿವಾರ ಶನಿವಾರ ಚಿಕನ್ ನೂಡಲ್ಸು ಕಟ್ಟಿಸಿಕೊಂಡು ಬರುತ್ತಿದ್ದ. ಅದು 'ಚೈನೀಸ್', ನಮ್ಮದು ನಾತ.

ಮಾಂಸ ಕೀಳು ಅನ್ನುವುದು ನಮ್ಮ ನಾಡಿನ ಹಳೆಯ ಕಾಲದ ಮಾತಾ? ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ 12ನೇ ಶತಮಾನದಲ್ಲಿ ಬರೆಸಿದ 'ಮಾನಸೋಲ್ಲಾಸ' ನೋಡಿ. ಹಂದಿ ಸುಡುವ ಕ್ರಮ ಅಲ್ಲಿದೆ, ಗದ್ದೆಯ ಇಲಿ ಸುಡುವ ಕ್ರಮವೂ ಇದೆ. ದೊರೆ ತಿಂದರೆ ಅದು ಸಂಸ್ಕೃತದಲ್ಲಿ ಶಾಸ್ತ್ರ. ಗದ್ದೆ ಕೊಯ್ದವನು ತಿಂದರೆ ಅನಾಗರಿಕ!

ಊಟವನ್ನೇ ಅವಮಾನದ ಆಯುಧ ಮಾಡಿದ ನೆಲ ಇದು. ಈ ಜಿಲ್ಲೆಗಳಲ್ಲಿ ಕೊರಗರಿಗೆ ಕೂದಲು, ಉಗುರು ಬೆರೆಸಿದ ಅನ್ನ ತಿನ್ನಿಸಿ ತಮ್ಮ ರೋಗ ದೋಷ ಕಳೆಯಿತೆಂದು ನಂಬುವ ಅಜಲು ಪದ್ಧತಿ ಇತ್ತು. ಅದನ್ನು ನಿಷೇಧಿಸುವ ಕಾಯ್ದೆ ಬಂದದ್ದು 2000ದಲ್ಲಿ. ಸ್ವಾತಂತ್ರ್ಯ ಬಂದು 53 ವರ್ಷ ಆದ ಮೇಲೆ! ಆಗ ನಾವು ಹುಟ್ಟಿದ್ದೆವೋ ಇಲ್ಲವೋ ಅನ್ನುವಷ್ಟು ಹತ್ತಿರದ ಚರಿತ್ರೆ. ಕೇರಿಯವರಾದ ನಮ್ಮ ಮನೆಗಳಲ್ಲೂ ಕೊರಗರಿಗೆ ಎಲೆ ಬೇರೆಯೇ ಇತ್ತು. ಇದನ್ನೂ ಬರೆಯದಿದ್ದರೆ ನಾವು ಬರೆಯುವುದು ಚರಿತ್ರೆಯಲ್ಲ, ಬರೀ ದೂರು.

*

ನಾಲ್ಕನೇ ಕ್ಲಾಸಿನಲ್ಲಿ ಮೇಷ್ಟ್ರು ಒಬ್ಬೊಬ್ಬರನ್ನೇ ಎಬ್ಬಿಸಿ ಕೇಳಿದ್ದರು, "ನಿನ್ನೆ ಮನೇಲಿ ಏನಡುಗೆ?" ನಮ್ಮ ಮನೆಯಲ್ಲಿ ಶ್ಯಾವಿಗೆ, ಕೋಳಿ ಸಾರು. ಅಮ್ಮ ಕೂಲಿ ಮುಗಿಸಿ ಬಂದು, ಸೊಂಟ ಬಗ್ಗಿಸಿ ಒತ್ತಿದ ಶ್ಯಾವಿಗೆ. ನಾವು ಎದ್ದು ನಿಂತು "ಅನ್ನ, ತಿಳಿಸಾರು" ಅಂದೆವು. ಮುಂದಿನ ಬೆಂಚಿನವರ ಉತ್ತರ ಕದ್ದು ಹೇಳಿದ್ದು. ಅಮ್ಮನ ತೋಳಿನ ಕೆಲಸವನ್ನು ಅವತ್ತು ನಾವೇ ಅಳಿಸಿಹಾಕಿದೆವು. ಆ ಸುಳ್ಳು ಈಗಲೂ ಗಂಟಲಲ್ಲಿದೆ.

ಹಳ್ಳಿಯ ಮೇಷ್ಟ್ರುಗಳೇ, ಟೀಚರುಗಳೇ, ನೀವೂ ಆ ಪ್ರಶ್ನೆ ಕೇಳಿ. ಆದರೆ ಯಾವ ಉತ್ತರ ಬಂದರೂ ಮುಖ ಸಿಂಡರಿಸಬೇಡಿ, ಕ್ಲಾಸು ನಗಲು ಬಿಡಬೇಡಿ. ಏಡಿ ಅನ್ನಲಿ, ಹಂದಿ ಅನ್ನಲಿ, ಒಣಮೀನು ಅನ್ನಲಿ, ಏನೂ ಇರಲಿಲ್ಲ ಅನ್ನಲಿ, ನೋಟುಬುಕ್ಕಿನಲ್ಲಿ ಬರೆಸಿ. ಅಡುಗೆ ಮಾಡಿದವರ ಹೆಸರನ್ನೂ ಬರೆಸಿ. ಬಸರೂರಿನ ಮೂಟೆ ಹೊತ್ತವರ ಊಟ ಯಾವ ಪುಸ್ತಕದಲ್ಲೂ ಉಳಿಯಲಿಲ್ಲ. ಇವರದ್ದಾದರೂ ಉಳಿಯಲಿ.

ಅವತ್ತು ಊಟ ಮುಗಿದ ಮೇಲೆ ಅಮ್ಮನಿಗೆ ತಾಂಗ್ರಾದ ಕಥೆ ಹೇಳಿದೆವು. ಪೂರ್ತಿ ಕೇಳಿ, ಸ್ವಲ್ಪ ಹೊತ್ತು ಸುಮ್ಮನಿದ್ದು, "ಹಾಂಗಾರೆ ಅವ್ರೂ ನಮ್ಮಂಗೇ" ಅಂದಳು. ಆಮೇಲೆ ತಮ್ಮನ ಕಡೆ ತಿರುಗಿ, "ಆ ಹಿರಿಯರಿಗೆ ನಮ್ ಜುಮ್ಮನಕಾಯಿ ಒಂದ್ ಕಟ್ಟ್ ತಕಂಡ್ ಹೋಗ್" ಅಂತ ಕಾಗದದಲ್ಲಿ ಸುತ್ತಿ ಕೊಟ್ಟಳು.